ಕ್ಯಾಮೆರಾ ಆರು, ಕಿವಿ ಎರಡು

ಊರಿಗೆ ಹೋದಾಗಲೆಲ್ಲ ಯಾರಾದರೊಬ್ಬರು ಕೇಳುತ್ತಾರೆ, ‘ಮುಂಬೈದಾಗ ಏನ್ ಕೆಲಸಾ ಮಾಡ್ತೀಯಪಾ?’ ‘ಪ್ರೊಡ್ಯೂಸರ್’ ಎಂದರೆ ಸಿನಿಮಾಕ್ಕೆ ದುಡ್ಡು ಹಾಕುವವನೆಂದು ತಿಳಿದು ಮೊದಲು ನನ್ನ ಮುಖ ನೋಡುತ್ತಾರೆ, ಆಮೇಲೆ ಚಪ್ಪಲಿ ನೋಡುತ್ತಾರೆ. ಎರಡಕ್ಕೂ ತಾಳೆಯಾಗುವುದಿಲ್ಲ. ದುಡ್ಡು ನನ್ನದಲ್ಲ, ಹೊಣೆ ಮಾತ್ರ ನನ್ನದು ಎಂದು ವಿವರಿಸುವಷ್ಟರಲ್ಲಿ ಚಹಾ ಆರಿರುತ್ತದೆ.

ನನ್ನ ಕೆಲಸ ಇಷ್ಟೆ. ಎಲ್ಲೋ ಒಂದು ಸಂಗೀತ ಕಛೇರಿ ನಡೆಯುತ್ತದೆ, ಇಲ್ಲವೇ ಒಬ್ಬ ಹಾಸ್ಯಗಾರ ಒಂಟಿ ಮೈಕ್ ಹಿಡಿದು ಒಂದು ಗಂಟೆ ಜನರನ್ನು ನಗಿಸುತ್ತಾನೆ. ಅದನ್ನು ಆರೆಂಟು ಕ್ಯಾಮೆರಾಗಳಲ್ಲಿ ಹಿಡಿದು, ಆ ರಾತ್ರಿ ಅಲ್ಲಿರದವರಿಗೂ ಅಲ್ಲಿದ್ದಂತೆ ಅನ್ನಿಸುವ ಹಾಗೆ ಮಾಡಿ ಕೊಡುವುದು. ಸಿನಿಮಾದಲ್ಲಿ ಶಾಟ್ ಕೆಟ್ಟರೆ ಇನ್ನೊಂದು ಟೇಕ್ ಉಂಟು. ಗಾಯಕ ತಾರಷಡ್ಜಕ್ಕೆ ಏರಿದಾಗ ಕ್ಯಾಮೆರಾ ಮೂರು ಫೋಕಸ್ ತಪ್ಪಿದರೆ, ‘ಬುವಾ, ಇನ್ನೊಮ್ಮೆ ಏರಿ’ ಎನ್ನಲಾಗದು.

ಈ ಕಸುಬಿನ ಮೊದಲ ಪಾಠ ಆಗಿದ್ದು ಮುಂಬೈಯಲ್ಲಲ್ಲ, ಹಾವೇರಿಯಲ್ಲಿ. ಅಪ್ಪನದು ಮೈಕ್‌ಸೆಟ್ ಅಂಗಡಿ. ಎರಡು ಅಹುಜಾ ಆಂಪ್ಲಿಫೈಯರ್, ನಾಲ್ಕು ಕಹಳೆ, ಒಂದು ರಾಶಿ ವೈರು. ಮದುವೆ, ಭಾಷಣ, ಜಾತ್ರೆ, ನಾಟಕ ಎಲ್ಲಕ್ಕೂ ಅಪ್ಪನೇ. ಪುಷ್ಯ ಮಾಸದಲ್ಲಿ ಬಾದಾಮಿಯ ಬನಶಂಕರಿ ಜಾತ್ರೆ ಬಂದರೆ ನಾಟಕ ಕಂಪನಿಗಳೆಲ್ಲ ಅಲ್ಲಿ ಡೇರೆ ಹೊಡೆಯುತ್ತವೆ. ಒಂದು ವರ್ಷ ಶಾಲೆ ತಪ್ಪಿಸಿ ಅಪ್ಪನ ಜೊತೆ ಹೋಗಿದ್ದೆ. ರಂಗದ ಮೇಲೆ ತೂಗುಬಿಟ್ಟ ಮೈಕು. ಹಾಸ್ಯ ಪಾತ್ರಧಾರಿ ಒಂದು ಮಾತು ಹೇಳಿದ, ಜನ ಗೊಳ್ಳೆಂದು ನಕ್ಕರು, ಅವನ ಮುಂದಿನ ಮಾತು ಕೇಳಲಿಕ್ಕಿಲ್ಲವೆಂದು ನಾನು ವಾಲ್ಯೂಮ್ ಏರಿಸಿದೆ. ಡೇರೆ ತುಂಬ ‘ಕುಂಯ್’ ಎಂದು ಶಿಳ್ಳೆ ಹೊಡೆಯಿತು. ಅಪ್ಪ ಕೈಮೇಲೆ ಒಂದು ಕೊಟ್ಟು, ‘ಮಂದಿ ನಗುವಾಗ ಮುಟ್ಟಬ್ಯಾಡಲೇ. ಅವ್ರ ನಗಿ ಇಳಿಯೂತನಾ ಅಂವಾ ಮಾತಾಡಂಗಿಲ್ಲ, ನೋಡ ಬೇಕಾರ’ ಅಂದ. ನೋಡಿದೆ. ಆ ನಟ ಅಂಗವಸ್ತ್ರ ಸರಿಮಾಡಿಕೊಳ್ಳುತ್ತ ನಿಂತಿದ್ದ. ನಗೆಯ ತೆರೆ ಪೂರ್ತಿ ಇಳಿಯುವ ಮೊದಲೇ, ಇನ್ನೂ ಮುಕ್ಕಾಲು ಇಳಿದಿರುವಾಗ, ಮುಂದಿನ ಮಾತು ಎಸೆದ. ಇವತ್ತು ಇಂಗ್ಲಿಷಿನಲ್ಲಿ ಮಾತಾಡುವ ಹಾಸ್ಯಗಾರರು ಮಾಡುವುದೂ ಇದನ್ನೇ.

2006ರಲ್ಲಿ ಮುಂಬೈಗೆ ಬಂದೆ. ಡೊಂಬಿವಿಲಿಯ ಚಿಗವ್ವನ ಮನೆಯಲ್ಲಿ ವಸತಿ. ಒಂದು ಓಬಿ ವ್ಯಾನಿನ ತಂಡದಲ್ಲಿ ಕೇಬಲ್ ಎಳೆಯುವ ಹುಡುಗನ ಕೆಲಸ ಸಿಕ್ಕಿತು. ಓಬಿ ವ್ಯಾನೆಂದರೆ ಚಕ್ರದ ಮೇಲಿನ ಕಂಟ್ರೋಲ್ ರೂಮು. ಒಳಗೆ ಮಾನಿಟರ್‌ಗಳ ಗೋಡೆ, ಅದರ ಮುಂದೆ ನಿರ್ದೇಶಕ, ಪಕ್ಕದಲ್ಲಿ ವಿಷನ್ ಮಿಕ್ಸರ್ ಒತ್ತುವವ. ಹೊರಗೆ ನಾವು. ಕೇಬಲ್ಲನ್ನು ಒಂದು ಸುತ್ತು ಮೇಲಿಂದ, ಒಂದು ಸುತ್ತು ಒಳಗಿಂದ ಸುತ್ತಬೇಕು. ಒಂದೇ ದಿಕ್ಕಿಗೆ ಸುತ್ತಿದರೆ ಒಳಗಿನ ತಂತಿ ತಿರುಚಿಕೊಂಡು ಆಯಸ್ಸು ಕಳೆದುಕೊಳ್ಳುತ್ತದೆ. ಮೊದಲ ಆರು ತಿಂಗಳು ಕಲಿತಿದ್ದು ಇದೊಂದನ್ನೇ. ಇವತ್ತಿಗೂ ಹೊಸಬ ಕೆಲಸ ಕೇಳಿಕೊಂಡು ಬಂದರೆ ಅವನ ಕೈಗೆ ಮೊದಲು ಒಂದು ಕೇಬಲ್ ಕೊಡುತ್ತೇನೆ. ಅರ್ಜಿಯಲ್ಲಿ ಏನೇ ಬರೆದಿರಲಿ, ಕೈ ಸುಳ್ಳು ಹೇಳುವುದಿಲ್ಲ.

ಆಗಿನ ಮುಂಬೈಯಲ್ಲಿ ಸಂಗೀತದ ಜಾಗಗಳು ಬದಲಾಗುತ್ತಿದ್ದವು. ಧೋಬಿ ತಲಾವಿನ ರಂಗ ಭವನದಲ್ಲಿ ಬಯಲಿನಲ್ಲಿ ರಾಕ್ ಸಂಗೀತ ಮೊಳಗುತ್ತಿದ್ದ ಕತೆಗಳನ್ನು ಹಿರಿಯ ಸೌಂಡ್‌ನವರು ಹೇಳುತ್ತಿದ್ದರು. ಸುತ್ತ ಆಸ್ಪತ್ರೆ, ಕಾಲೇಜು ಇದ್ದು ಅದು ನಿಶ್ಶಬ್ದ ವಲಯವಾದ ಮೇಲೆ ಅಲ್ಲಿಯ ಗದ್ದಲ ನಿಂತಿತ್ತು. 2007ರಲ್ಲಿ ಲೋವರ್ ಪರೇಲಿನ ಮಥುರಾದಾಸ್ ಮಿಲ್ ಆವರಣದಲ್ಲಿ ಬ್ಲೂ ಫ್ರಾಗ್ ತೆರೆಯಿತು. ಒಂದು ಕಾಲಕ್ಕೆ ನೂಲು ಸುತ್ತುತ್ತಿದ್ದ ಜಾಗದಲ್ಲಿ ಸ್ಯಾಕ್ಸೋಫೋನ್. 2010ರಲ್ಲಿ ಅದೇ ಲೋವರ್ ಪರೇಲಿನ ಪಲಾಡಿಯಂ ಮಾಲ್‌ನಲ್ಲಿ ಕಾಮಿಡಿ ಸ್ಟೋರ್ ಬಂತು, ಮುಂದೆ ಅದೇ ಕ್ಯಾನ್ವಾಸ್ ಲಾಫ್ ಕ್ಲಬ್ ಆಯಿತು. ಟಿಕೆಟ್ ತೆಗೆದುಕೊಂಡು ಒಬ್ಬನ ಮಾತು ಕೇಳಲು ಜನ ಬರುತ್ತಾರೆಂದು ನಂಬಲು ನನ್ನ ಸಹೋದ್ಯೋಗಿಗಳಿಗೆ ಸ್ವಲ್ಪ ಕಾಲ ಬೇಕಾಯಿತು. ನನಗೆ ಆಶ್ಚರ್ಯವಾಗಲಿಲ್ಲ. ಮಾಸ್ಟರ್ ಹಿರಣ್ಣಯ್ಯನವರ ನಾಟಕಗಳನ್ನೂ ಗಂಗಾವತಿ ಪ್ರಾಣೇಶರ ಮಾತುಗಳನ್ನೂ ಕ್ಯಾಸೆಟ್ಟಿನಲ್ಲಿ ಕೇಳಿ ಬೆಳೆದವರು ನಾವು. ಪರದೆ ಇಲ್ಲ, ಚಿತ್ರ ಇಲ್ಲ. ಮಾತು, ಅದರ ಬೆನ್ನಿಗೆ ಜನರ ನಗು. ಆ ನಗು ಇರದಿದ್ದರೆ ಕ್ಯಾಸೆಟ್ಟು ಅರ್ಧವೂ ನಡೆಯುತ್ತಿರಲಿಲ್ಲ.

ಶಾಸ್ತ್ರೀಯ ಸಂಗೀತ ಚಿತ್ರಿಸುವುದು ನನಗೆ ಮೊದಲಿನಿಂದ ಪ್ರೀತಿಯ ಕೆಲಸ. ಧಾರವಾಡ ಸೀಮೆಯವನಾಗಿ ಅಷ್ಟು ಜಂಬ ಇರಲಿ. ಕುಂದಗೋಳದ ನಾಡಗೀರ ವಾಡೆಯಲ್ಲಿ ಸವಾಯಿ ಗಂಧರ್ವರ ಪುಣ್ಯತಿಥಿಯ ಅಹೋರಾತ್ರಿ ಸಂಗೀತಕ್ಕೆ ಅಪ್ಪನ ಜೊತೆ ಹೋಗಿ ಕಂಬಕ್ಕೊರಗಿ ತೂಕಡಿಸಿದ್ದೂ ಉಂಟು. ಆ ತೂಕಡಿಕೆ ಮುಂದೆ ಉಪಯೋಗಕ್ಕೆ ಬಂತು. ಸಿನಿಮಾ ಹಾಡು ಚಿತ್ರಿಸಿ ಬಂದ ನಿರ್ದೇಶಕರಿಗೆ ತಾಳಕ್ಕೊಂದು ಕಟ್ ಬೇಕು. ವಿಲಂಬಿತ ಏಕತಾಳದ ಒಂದು ಆವರ್ತನವೇ ಹೆಚ್ಚುಕಡಿಮೆ ಒಂದು ನಿಮಿಷ ಹಿಡಿಯಬಹುದು. ಅಷ್ಟು ಹೊತ್ತು ಒಂದೇ ಶಾಟಿನಲ್ಲಿ ಕೂತಿರುವ ತಾಳ್ಮೆ ಬೇಕು. ಸಮಕ್ಕೆ ಎರಡು ಮಾತ್ರೆ ಮೊದಲೇ ತಬಲಾದವರ ಮುಖಕ್ಕೆ ಹೋಗಬೇಕು; ಸಮದ ಮೇಲೆ ಹೋದರೆ ಆ ಕಿರುನಗೆ ಆಗಲೇ ಮುಗಿದಿರುತ್ತದೆ. ಒಮ್ಮೆ ಓಬಿ ವ್ಯಾನಿನಲ್ಲಿ ಬೇಸತ್ತ ನಿರ್ದೇಶಕರಿಗೆ ‘ಸರ್, ಈಗ ಎರಡನೇ ಕ್ಯಾಮೆರಾ’ ಎಂದು ಅಂಜುತ್ತ ಹೇಳಿದೆ. ಹೇಳಿದಲ್ಲಿ ಸಮ ಬಂತು. ಮುಂದಿನ ಕಛೇರಿಯಿಂದ ಅವರ ಪಕ್ಕದ ಕುರ್ಚಿ ನನ್ನದಾಯಿತು. ಕೇಬಲ್ ಬಿಟ್ಟು ಕುರ್ಚಿಗೆ ಬಂದ ಬಗೆ ಇದು.

ಸಾಯನ್‌ನ ಷಣ್ಮುಖಾನಂದ ಸಭಾಗೃಹ ನಮ್ಮಂಥವರ ಪರೀಕ್ಷಾ ಕೇಂದ್ರ. 1963ರಲ್ಲಿ ತೆರೆದು, 1990ರ ಬೆಂಕಿಯಲ್ಲಿ ಸುಟ್ಟು, ಮತ್ತೆ ಎದ್ದು ನಿಂತ ಜಾಗ. 2700ಕ್ಕೂ ಹೆಚ್ಚು ಆಸನಗಳು. ಫೆಬ್ರುವರಿ 3, ಉಸ್ತಾದ್ ಅಲ್ಲಾರಖಾ ತೀರಿಕೊಂಡ ದಿನ. ಆ ದಿನ ಅಲ್ಲಿ ಮಗ ಜಾಕಿರ್ ಹುಸೇನ್ ನಡೆಸುತ್ತಿದ್ದ ತಂದೆಯ ಸ್ಮರಣೆಯ ಸಂಗೀತ ನಸುಕಿಗೇ ಶುರುವಾಗುತ್ತಿತ್ತು. ಡೊಂಬಿವಿಲಿಯಿಂದ ಮೊದಲ ಲೋಕಲ್ ಹಿಡಿದು ಪ್ರೇಕ್ಷಕನಾಗಿ ಹೋಗಿ ಹಿಂದೆ ಕೂತು, ಅಲ್ಲಿನ ಕ್ಯಾಮೆರಾ ಎಲ್ಲಿಟ್ಟಿದ್ದಾರೆ ಎಂದು ನೋಡುತ್ತಿದ್ದೆ. 2024ರ ಡಿಸೆಂಬರಿನಲ್ಲಿ ಜಾಕಿರ್ ಹೋದ ಸುದ್ದಿ ಬಂದಾಗ ನಾನೊಂದು ಕಾಮಿಡಿ ಶೋನ ಎಡಿಟಿಂಗಿನಲ್ಲಿದ್ದೆ. ಎಡಿಟರ್ ಕೇಳದೆಯೇ ಮಷಿನ್ ಬಂದ್ ಮಾಡಿದ.

ಸಂಗೀತದಲ್ಲಿ ಪ್ರೇಕ್ಷಕ ಸುಮ್ಮನಿದ್ದರೂ ನಡೆಯುತ್ತದೆ. ಕಾಮಿಡಿಯಲ್ಲಿ ಪ್ರೇಕ್ಷಕನೇ ಪಕ್ಕವಾದ್ಯ. ಹೀಗಾಗಿ ವೇದಿಕೆಗೆ ಒಂದು ಮೈಕಿದ್ದರೆ ಸಭಾಗೃಹದ ತುಂಬ ನಾವು ಎಂಟು ಹತ್ತು ಮೈಕು ಕಟ್ಟುತ್ತೇವೆ, ನಗು ಹಿಡಿಯಲಿಕ್ಕೆ. ಅದರಲ್ಲೂ ಲೆಕ್ಕವಿದೆ. ಶಬ್ದ ಸೆಕೆಂಡಿಗೆ ಸುಮಾರು 343 ಮೀಟರ್ ಓಡುತ್ತದೆ. ಸ್ಪೀಕರಿನಿಂದ 34 ಮೀಟರ್ ದೂರದ ಬಾಲ್ಕನಿಯ ಮೈಕಿಗೆ ಹಾಸ್ಯಗಾರನ ದನಿ ಸೆಕೆಂಡಿನ ಹತ್ತನೆಯ ಒಂದು ಭಾಗ ತಡವಾಗಿ ಮುಟ್ಟುತ್ತದೆ. ಹಾಗೇ ಬೆರೆಸಿದರೆ ಬಾವಿಯೊಳಗೆ ಮಾತಾಡಿದಂತೆ ಪ್ರತಿಧ್ವನಿ. ಪ್ರತಿ ಮೈಕನ್ನೂ ಅಳೆದು ಹಿಂದಕ್ಕೆ ಸರಿಸಿ ಕೂಡಿಸಬೇಕು. ಬೆಳಕಿನದೂ ಹೀಗೇ ಒಂದು ಕಾಟ: ನಮ್ಮ ದೇಶದ ಕರೆಂಟು 50 ಹರ್ಟ್ಜ್. ಅಮೆರಿಕದ ರೂಢಿಯಂತೆ ಕ್ಯಾಮೆರಾದ ಶಟರ್ 1/60ಕ್ಕಿಟ್ಟರೆ ಕೆಲವು ದೀಪಗಳು ಚಿತ್ರದಲ್ಲಿ ಮಿಣುಕುತ್ತವೆ. ಸೆಕೆಂಡಿಗೆ 25 ಫ್ರೇಮು, ಶಟರ್ 1/50. ಕ್ಯಾಮೆರಾ ಆರಿದ್ದರೆ ಆರನ್ನೂ ನಾನೇ ಖುದ್ದಾಗಿ ನೋಡಿ ಬರುತ್ತೇನೆ.

ಹಾಸ್ಯದ ಸ್ಪೆಷಲ್ ಎಂದು ನೀವು ಫೋನಿನಲ್ಲಿ ನೋಡುವ ಒಂದು ಗಂಟೆ ಸಾಮಾನ್ಯವಾಗಿ ಒಂದೇ ಶೋ ಅಲ್ಲ. ಒಂದೇ ದಿನ ಎರಡು ಶೋ, ಅದೇ ಅಂಗಿ, ಅದೇ ಬೆಳಕು. ಎರಡರಲ್ಲಿ ಚೆನ್ನಾಗಿದ್ದುದನ್ನು ಆಯ್ದು ಹೊಲಿಯುತ್ತೇವೆ. 2017ರಲ್ಲಿ ವೀರ್ ದಾಸ್‌ರ ‘ಅಬ್ರಾಡ್ ಅಂಡರ್‌ಸ್ಟ್ಯಾಂಡಿಂಗ್’ ನೆಟ್‌ಫ್ಲಿಕ್ಸಿಗೆ ಬಂತು. 2016ರ ಕೊನೆಗೆ ಇಲ್ಲಿ ಕಾಲಿಟ್ಟಿದ್ದ ಅಮೆಜಾನ್ ಪ್ರೈಮ್ ಕೂಡ ಸಾಲುಸಾಲಾಗಿ ಸ್ಪೆಷಲ್‌ಗಳನ್ನು ತಂದಿತು. ನಮ್ಮ ಕೆಲಸಕ್ಕೆ ಆಗ ಒಮ್ಮೆಲೇ ಬೆಲೆ ಬಂತು. ಅಂಧೇರಿಯಲ್ಲಿ ಕ್ಯಾಮೆರಾ ಬಾಡಿಗೆಗೆ ಸಿಗುವುದೇ ಕಷ್ಟವಾದ ವಾರಗಳಿದ್ದವು.

ಆ ಅವಸರದಲ್ಲೇ ನಾನು ಎಡವಿದ್ದು. ಒಬ್ಬ ಯುವ ಹಾಸ್ಯಗಾರನ ಮೊದಲ ಸ್ಪೆಷಲ್. ಮೊದಲ ಶೋ ಬೆಂಕಿಯಂತೆ ಹೋಯಿತು. ಎರಡನೆಯದು ಅಷ್ಟಕ್ಕಷ್ಟೆ, ಜನ ಊಟ ಮಾಡಿ ಬಂದಿದ್ದರು. ರಾತ್ರಿ ಪ್ಯಾಕಪ್ ಆಗಿ, ಹಾರ್ಡ್‌ಡಿಸ್ಕ್ ತೆರೆದು ನೋಡಿದರೆ ಮೊದಲ ಶೋದಲ್ಲಿ ಪ್ರೇಕ್ಷಕರ ಮೈಕುಗಳ ಟ್ರ್ಯಾಕೇ ಖಾಲಿ. ಮೈಕು ಕಟ್ಟಿದ್ದೆವು, ಮಿಕ್ಸರಿನಲ್ಲಿ ಸದ್ದು ಬರುತ್ತಿತ್ತು, ರೆಕಾರ್ಡರಿನಲ್ಲಿ ಆ ಟ್ರ್ಯಾಕುಗಳನ್ನು ಯಾರೂ ಆನ್ ಮಾಡಿರಲಿಲ್ಲ. ಪಟ್ಟಿ ಹಿಡಿದು ತಪಾಸಣೆ ಮಾಡಬೇಕಾದವ ನಾನು. ಆ ಹೊತ್ತಿಗೆ ಬಾಗಿಲಲ್ಲಿ ಪೊಲೀಸರ ಪರವಾನಗಿ ಪತ್ರ ತೋರಿಸುತ್ತ ನಿಂತಿದ್ದೆ.

ಎರಡನೇ ಶೋದ ನಗುವನ್ನು ಮೊದಲ ಶೋಕ್ಕೆ ಅಂಟಿಸಿ ಎಡಿಟರ್ ಒಂದು ಜೋಡಣೆ ಮಾಡಿದ. ನನಗೇ ಗೊತ್ತಾಗದಷ್ಟು ಚೆಂದ ಮಾಡಿದ್ದ. ಹಾಸ್ಯಗಾರ ಬಂದು ಕೂತು ಹತ್ತು ನಿಮಿಷ ನೋಡಿ, ‘ಯೇ ಮೇರಿ ಹಸೀ ನಹೀ ಹೈ’ ಎಂದ. ಇದು ನನ್ನ ನಗು ಅಲ್ಲ. ಅವನು ಎಲ್ಲಿ ತಡೆದು ನಿಂತಿದ್ದನೋ ಅಲ್ಲಿ ನಗು ಆಗಲೇ ಮುಗಿದಿತ್ತು, ಎಲ್ಲಿ ಮುಂದೆ ಹೋಗಿದ್ದನೋ ಅಲ್ಲಿ ಇನ್ನೂ ನಡೆದಿತ್ತು. ಅಪ್ಪ ಬನಶಂಕರಿಯಲ್ಲಿ ತೋರಿಸಿದ್ದ ಅಂಗವಸ್ತ್ರದ ಲೆಕ್ಕ ತಪ್ಪಿತ್ತು. ನಾನು ತಪ್ಪೊಪ್ಪಿಕೊಂಡೆ. ನನ್ನ ಸಂಭಾವನೆಯಲ್ಲಿ ಹಾಲ್ ಬಾಡಿಗೆ, ಸೌಂಡ್, ಕ್ಯಾಮೆರಾ ಕೊಟ್ಟು ಮೂರು ವಾರದ ಮೇಲೆ ಮೂರನೇ ಶೋ ಮಾಡಿಸಿದೆ. ಆ ವರ್ಷ ಗಣಪತಿಗೆ ಊರಿಗೆ ಹೋಗಲಿಲ್ಲ.

ನಗು ಎಂದಾಗ ಇನ್ನೊಂದು ಹೇಳಲೇಬೇಕು. 2014ರ ಡಿಸೆಂಬರ್ 20ರಂದು ವರ್ಲಿಯ ಎನ್‌ಎಸ್‌ಸಿಐನಲ್ಲಿ ಎಐಬಿ ತಂಡದ ರೋಸ್ಟ್ ನಡೆಯಿತು. ಅಂದು ರಾತ್ರಿ ದೊಡ್ಡ ಗಲಾಟೆಯೇನೂ ಆಗಲಿಲ್ಲ. ಮುಂದಿನ ತಿಂಗಳು ವಿಡಿಯೊ ಯೂಟ್ಯೂಬಿಗೆ ಬಂದ ಮೇಲೆ ದೂರುಗಳು ಬಂದವು, ಫೆಬ್ರುವರಿಯಲ್ಲಿ ವಿಡಿಯೊ ತೆಗೆದರು. ವೇದಿಕೆಯ ಮೇಲಿದ್ದವರ ಹೆಸರಷ್ಟೇ ಅಲ್ಲ, ಪ್ರೇಕ್ಷಕರ ಸಾಲಿನಲ್ಲಿ ಕೂತಿದ್ದ ನಟಿಯರ ಹೆಸರೂ ದೂರಿನಲ್ಲಿ ಸೇರಿತು. ಆ ಹಾಸ್ಯ ಒಳ್ಳೆಯದೋ ಕೆಟ್ಟದ್ದೋ, ಅದು ಬೇರೆ ಮಾತು; ನನಗಂತೂ ಅದರ ಬಹುಪಾಲು ರುಚಿಸಲಿಲ್ಲ. ನನ್ನ ಕಸುಬಿನವರಿಗೆ ತಟ್ಟಿದ್ದು ಬೇರೆ. ಯಾರು ನಕ್ಕರು ಎಂದು ಜಗತ್ತಿಗೆ ತೋರಿಸಿದ್ದು ಕ್ಯಾಮೆರಾ. ಪ್ರೇಕ್ಷಕರ ಕಡೆ ಮುಖ ಮಾಡಿದ ಕ್ಯಾಮೆರಾವನ್ನು ಅಲ್ಲಿಯವರೆಗೆ ನಾವು ಅಲಂಕಾರ ಎಂದುಕೊಂಡಿದ್ದೆವು.

ಈಗ ಎಲ್ಲ ಶೂಟಿಂಗಿನಲ್ಲೂ ಬಾಗಿಲಲ್ಲಿ ಫಲಕ ಇರುತ್ತದೆ: ‘ಇಲ್ಲಿ ಚಿತ್ರೀಕರಣ ನಡೆದಿದೆ, ಒಳಗೆ ಬಂದರೆ ಒಪ್ಪಿದಂತೆ’. ಅದನ್ನು ಓದುವವರು ಎಷ್ಟು ಜನ? ಕೆಲವು ವರ್ಷಗಳ ಹಿಂದೆ ಖಾರ್‌ನ ಒಂದು ಸಣ್ಣ ಜಾಗದಲ್ಲಿ ಶೂಟ್ ಮುಗಿಸಿ ಕೇಬಲ್ ಸುತ್ತಿಸುತ್ತಿದ್ದೆ. ಇಪ್ಪತ್ತೈದು ಇಪ್ಪತ್ತಾರರ ಒಬ್ಬ ಹುಡುಗಿ ಹೊರಗೆ ಹೋದವಳು ತಿರುಗಿ ಬಂದಳು. ಅತ್ತೆ ಮಾವನ ಬಗ್ಗೆ ಇದ್ದ ಒಂದು ಜೋಕಿಗೆ ಅವಳು ಬಿದ್ದುಬಿದ್ದು ನಕ್ಕಿದ್ದಳು, ಕಣ್ಣಲ್ಲಿ ನೀರು ಬರುವಷ್ಟು. ನಮ್ಮ ನಾಲ್ಕನೇ ಕ್ಯಾಮೆರಾ ಅದನ್ನು ಪೂರ್ತಿ ಹಿಡಿದಿತ್ತು. ‘ಭಯ್ಯಾ, ಮನೆಯವರು ನೋಡುತ್ತಾರೆ. ಆಫೀಸಿನಲ್ಲಿದ್ದೇನೆ ಎಂದು ಹೇಳಿ ಬಂದಿದ್ದೇನೆ’ ಎಂದಳು. ಮುಂದೇನೂ ಹೇಳಲಿಲ್ಲ. ನಾನೂ ಕೇಳಲಿಲ್ಲ. ಕಾಗದದ ಪ್ರಕಾರ ಅವಳು ಒಪ್ಪಿದ್ದಾಳೆ. ಆ ಶಾಟು ಇಡೀ ಶೋದ ಅತ್ಯುತ್ತಮ ಶಾಟು. ದುಡ್ಡು ಕೊಟ್ಟವರು ಟ್ರೇಲರಿಗೆ ಅದನ್ನೇ ಕೇಳಿದರು. ‘ಫೋಕಸ್ ಇಲ್ಲ’ ಎಂದೆ. ಸುಳ್ಳು. ನಾಲ್ಕನೇ ಕ್ಯಾಮೆರಾದ ಹುಡುಗನಿಗೆ ನನ್ನಿಂದ ಬೈಗುಳ ಬೀಳದಿದ್ದುದನ್ನು ಕಂಡು ಅವರಿಗೆ ಸಂಶಯ ಬಂದಿರಬಹುದು. ಅಂದಿನಿಂದ ಮಧ್ಯಂತರದಲ್ಲಿ ಮೈಕು ಹಿಡಿದು ಹಿಂದಿ, ಮರಾಠಿ, ಇಂಗ್ಲಿಷಿನಲ್ಲಿ ನಾನೇ ಹೇಳುತ್ತೇನೆ: ಮುಖ ಬೇಡವೆನ್ನುವವರು ಬಲಗಡೆಯ ಕೊನೆಯ ಎರಡು ಸಾಲಿಗೆ ಬನ್ನಿ, ಆ ಕಡೆ ಕ್ಯಾಮೆರಾ ತಿರುಗುವುದಿಲ್ಲ. ಪ್ರತಿ ಶೋದಲ್ಲೂ ಐದಾರು ಮಂದಿ ಎದ್ದು ಹೋಗುತ್ತಾರೆ.

ಕಾನೂನಿನ ಪುಸ್ತಕವನ್ನೂ ಈ ಕೆಲಸ ಓದಿಸಿತು. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ‘ಪ್ರದರ್ಶಕ’ ಎಂದರೆ ಯಾರು ಎಂಬ ಪಟ್ಟಿ ಇದೆ. ನಟ, ಗಾಯಕ, ವಾದಕ, ನರ್ತಕ, ದೊಂಬರಾಟದವ, ಜಾದೂಗಾರ, ಹಾವಾಡಿಗ, ಉಪನ್ಯಾಸ ಕೊಡುವವ. ಹಾವಾಡಿಗನ ಹೆಸರಿದೆ, ಹಾಸ್ಯಗಾರನ ಹೆಸರಿಲ್ಲ. ಅವನು ಕೊನೆಯ ‘ಇತರ ಯಾವುದೇ ವ್ಯಕ್ತಿ’ಯಲ್ಲಿ ಬರುತ್ತಾನೆ. ತನ್ನ ಪ್ರದರ್ಶನದ ಮೇಲೆ ಈ ಎಲ್ಲರಿಗೂ 50 ವರ್ಷದ ಹಕ್ಕಿದೆ. ಅವರ ಒಪ್ಪಿಗೆಯಿಲ್ಲದೆ ಧ್ವನಿ ಅಥವಾ ಚಿತ್ರ ಮುದ್ರಿಸುವಂತಿಲ್ಲ. ಅದನ್ನು ವ್ಯಾಪಾರಕ್ಕೆ ಬಳಸಿದರೆ ರಾಯಲ್ಟಿ ಸಿಗಬೇಕೆಂದು 2012ರ ತಿದ್ದುಪಡಿ ಹೇಳಿತು. ಹೇಳಿದ್ದು ಹೇಳಿದ ಹಾಗೇ ಕೈಗೆ ಬರುತ್ತದೆಯೇ ಎಂಬುದು ಬೇರೆ. ಕಛೇರಿಗೆ ಮೊದಲು ಗ್ರೀನ್ ರೂಮಿನಲ್ಲಿ, ತಂಬೂರಿ ಶ್ರುತಿ ಮಾಡುವ ಹೊತ್ತಿನಲ್ಲಿ, ಎಂಟು ಪುಟದ ಇಂಗ್ಲಿಷ್ ಕಾಗದ ಚಾಚಿ ‘ಇಲ್ಲಿ ಸಹಿ’ ಎನ್ನುವುದು ನಮ್ಮಲ್ಲಿ ರೂಢಿ. ನಾನೂ ಹಾಗೆ ಸಹಿ ಹಾಕಿಸಿದ್ದೇನೆ. ನಮ್ಮ ಕಡೆಯ ಒಬ್ಬ ಹಿರಿಯ ಗಾಯಕರು ಕನ್ನಡಕ ಸಿಗದೆ, ‘ನೀ ಕನ್ನಡದಾಂವ ಇದ್ದೀಯಲ್ಲ, ನೀನೇ ಓದಿ ಹೇಳು’ ಅಂದರು. ಓದಿ ಕನ್ನಡದಲ್ಲಿ ಹೇಳುತ್ತ ಹೋದಂತೆ ನನ್ನ ದನಿಯೇ ಸಣ್ಣದಾಯಿತು. ಎಲ್ಲ ಮಾಧ್ಯಮಕ್ಕೂ, ಎಲ್ಲ ದೇಶಕ್ಕೂ, ಶಾಶ್ವತವಾಗಿ. ‘ಶಾಶ್ವತ ಅಂದ್ರ ಎಷ್ಟು ವರ್ಷ?’ ಎಂದು ಕೇಳಿ ನಕ್ಕು ಸಹಿ ಹಾಕಿದರು. ಈಗ ಕಾಗದವನ್ನು ಒಂದು ವಾರ ಮೊದಲು ಕಳಿಸುತ್ತೇನೆ, ಕೇಳಿದವರಿಗೆ ಅವಧಿ ಕಡಿಮೆ ಮಾಡಿಸಲು ನನ್ನ ಕೈಲಾದಷ್ಟು ಜಗಳವಾಡುತ್ತೇನೆ. ಗೆದ್ದದ್ದಕ್ಕಿಂತ ಸೋತದ್ದೇ ಹೆಚ್ಚು.

ಪರವಾನಗಿಗಳ ಪುರಾಣ ಹೇಳಹೋದರೆ ಪುಟ ಸಾಲದು. ಪೊಲೀಸ್, ಅಗ್ನಿಶಾಮಕ ದಳ, ಹಾಡಿದ್ದರೆ ಐಪಿಆರ್‌ಎಸ್, ಮಹಾರಾಷ್ಟ್ರದಲ್ಲಿ ರಂಗಪ್ರಯೋಗದ ಸ್ಕ್ರಿಪ್ಟಿಗೆ ಪರಿನಿರೀಕ್ಷಣ ಮಂಡಳಿಯ ಪ್ರಮಾಣಪತ್ರ. ಬಯಲಲ್ಲಾದರೆ ರಾತ್ರಿ ಹತ್ತಕ್ಕೆ ಧ್ವನಿವರ್ಧಕ ಬಂದ್. ಹತ್ತಕ್ಕೆ ಎರಡು ನಿಮಿಷವಿರುವಾಗ ಭೈರವಿಗೆ ಕೈಹಾಕಿದ ಗಾಯಕರ ಮುಂದೆ ಮೊಣಕಾಲೂರಿ ಕೈಮುಗಿದದ್ದೂ ಇದೆ.

2020ರ ಮಾರ್ಚ್‌ನಲ್ಲಿ ಎಲ್ಲ ನಿಂತಿತು. ಜನ ಸೇರುವುದೇ ನಮ್ಮ ಕಚ್ಚಾ ಸಾಮಗ್ರಿ, ಅದೇ ನಿಷಿದ್ಧವಾಯಿತು. ನನಗಾದರೂ ಒಂದಿಷ್ಟು ಉಳಿತಾಯವಿತ್ತು. ಲೈಟ್‌ಮನ್‌ಗಳು, ಸ್ಪಾಟ್ ದಾದಾಗಳು, ಕ್ಯಾಮೆರಾದ ಜೊತೆ ಬರುವ ಅಟೆಂಡೆಂಟುಗಳು ಶಿಫ್ಟಿನ ಲೆಕ್ಕದಲ್ಲಿ ಬದುಕುವವರು. ಹದಿನೈದು ವರ್ಷ ಜಿಮ್ಮಿ ಜಿಬ್ ನಡೆಸಿದ ಒಬ್ಬಾತ ಊರಿಗೆ ಹೋಗಿ ಕಿರಾಣಿ ಅಂಗಡಿ ಇಟ್ಟ, ತಿರುಗಿ ಬರಲಿಲ್ಲ. ಅವನಷ್ಟು ನಯವಾಗಿ ಜನರ ತಲೆಯ ಮೇಲಿಂದ ಕ್ಯಾಮೆರಾ ತೇಲಿಸುವವರು ನನಗೆ ಮತ್ತೆ ಸಿಕ್ಕಿಲ್ಲ.

ಈಗ ಕೆಲಸ ಮತ್ತೆ ತುಂಬಿದೆ. 2025ರ ಜನವರಿಯಲ್ಲಿ ಕೋಲ್ಡ್‌ಪ್ಲೇ ನವಿ ಮುಂಬೈಯ ಡಿ.ವೈ. ಪಾಟೀಲ್ ಕ್ರೀಡಾಂಗಣದಲ್ಲಿ ಮೂರು ದಿನ ಹಾಡಿ, 26ರಂದು ಅಹಮದಾಬಾದಿನ ಕಾರ್ಯಕ್ರಮ ಹಾಟ್‌ಸ್ಟಾರ್‌ನಲ್ಲಿ ನೇರ ಪ್ರಸಾರವಾಯಿತು. ನಾನು ಆ ತಂಡದಲ್ಲಿರಲಿಲ್ಲ. ಮನೆಯಲ್ಲಿ ಕೂತು ಕ್ಯಾಮೆರಾಗಳನ್ನು ಎಣಿಸುತ್ತಿದ್ದರೆ ಹೆಂಡತಿ, ‘ಹಾಡ ಕೇಳ್ರೀ’ ಎಂದು ಬೈದಳು.

ತಿಂಗಳಿಗೊಂದು ಭಾನುವಾರ ದುಡ್ಡಿಲ್ಲದ ಕೆಲಸ ಮಾಡುತ್ತೇನೆ. ಮಾಟುಂಗಾದ ಮೈಸೂರು ಅಸೋಸಿಯೇಷನ್ 1926ರಿಂದ ಇದೆ, ಮಾಹಿಮಿನ ಕರ್ನಾಟಕ ಸಂಘ 1933ರಿಂದ. ಮುಂಬೈ ಕನ್ನಡಿಗರ ನಾಟಕ, ಯಕ್ಷಗಾನ, ಹಾಸ್ಯ ಸಂಜೆ ಅದೆಷ್ಟು ನಡೆದಿವೆಯೋ. ಬಹುಪಾಲನ್ನು ಯಾರೂ ಚಿತ್ರಿಸಲಿಲ್ಲ. ಚಿತ್ರಿಸಿದ್ದು ಕೆಲವರ ಮನೆಯ ಅಟ್ಟದಲ್ಲಿ ವಿಎಚ್‌ಎಸ್ ಕ್ಯಾಸೆಟ್ಟಾಗಿ ಕೂತಿದೆ. ಮುಂಬೈ ಮಳೆಗಾಲದ ತೇವಕ್ಕೆ ಟೇಪಿನ ಅಂಚಿಗೆ ಬಿಳಿ ಬೂಸ್ಟು ಹಿಡಿಯುತ್ತದೆ. ಡೊಂಬಿವಿಲಿಯ ಹಿರಿಯರೊಬ್ಬರು ಕಳೆದ ವರ್ಷ ಒಂದು ರಟ್ಟಿನ ಡಬ್ಬಿ ತುಂಬ ಕೊಟ್ಟರು. ಹನ್ನೊಂದರಲ್ಲಿ ಏಳು ಉಳಿದವು. ಒಂದರಲ್ಲಿ ಚಿತ್ರವೆಲ್ಲ ಗೆರೆಗೆರೆ, ದನಿ ಮಾತ್ರ ಸ್ವಚ್ಛ. ಯಾವುದೋ ನಾಟಕ, ಯಾವ ವರ್ಷವೋ. ಫೋನಿನಲ್ಲಿ ಅಪ್ಪನಿಗೆ ಕೇಳಿಸಿದೆ. ಈಗ ಅವನಿಗೆ ಎಡಗಿವಿ ಕೇಳಿಸುವುದಿಲ್ಲ, ಬಲಗಿವಿಗೆ ಹಿಡಿದು ಸ್ವಲ್ಪ ಹೊತ್ತು ಕೇಳಿ, ‘ಮೈಕ್ ಭಾಳ ಮ್ಯಾಲ ಕಟ್ಯಾರ’ ಅಂದ.

ನಿಮ್ಮ ಮನೆಯಲ್ಲೂ ಅಂಥ ಟೇಪು ಇದ್ದರೆ ಗುಜರಿಗೆ ಹಾಕಬೇಡಿ. ಪುಸ್ತಕದಂತೆ ನೆಟ್ಟಗೆ ನಿಲ್ಲಿಸಿ ಇಡಿ, ಟಿವಿ ಸ್ಪೀಕರಿನಿಂದ ದೂರ ಇಡಿ, ಅಡುಗೆಮನೆಯ ಅಟ್ಟವಂತೂ ಬೇಡ. ಬೂಸ್ಟು ಕಂಡರೆ ಪ್ಲೇಯರಿಗೆ ಹಾಕಿ ಪರೀಕ್ಷಿಸಲು ಹೋಗಬೇಡಿ. ಟೇಪೂ ಕೆಡುತ್ತದೆ, ಪ್ಲೇಯರಿನ ಹೆಡ್ಡೂ ಕೆಡುತ್ತದೆ. ಡಬ್ಬಿಯ ಮೇಲೆ ಯಾವ ಕಾರ್ಯಕ್ರಮ, ಎಲ್ಲಿ, ಯಾರು ಎಂದು ನೆನಪಿದ್ದಷ್ಟನ್ನು ಈಗಲೇ ಬರೆದಿಡಿ. ಹನ್ನೊಂದು ಟೇಪಿನಲ್ಲಿ ಒಂದರ ಮೇಲೂ ಅದನ್ನು ಯಾರೂ ಬರೆದಿರಲಿಲ್ಲ.